ತಲೆಯನ್ನೇರಿದ ಅಣಬೆ

ಮಳೆಗಾಲದ ಮೊದಲ ಗುಡುಗಿಗೆ ನೆಲವನ್ನೊಡೆದು ಏಳುವ ಅಣಬೆಯನ್ನು ಕಾಳಿದಾಸನು ಮೇಘದೂತದಲ್ಲಿ ಸ್ಮರಿಸಿ, ಭೂಮಿಯು ಬಂಜೆಯಲ್ಲವೆಂಬುದಕ್ಕೆ ಅದನ್ನೇ ಕುರುಹಾಗಿ ಹಿಡಿದಿರುವನು. ನೆಲದಲ್ಲಿದ್ದ ಆ ಶಿಲೀಂಧ್ರವು ಮನುಷ್ಯನ ತಲೆಯನ್ನೇರಿ ಮಾತನಾಡತೊಡಗಿದರೆ ಏನಾದೀತೆಂದು ಕಲ್ಪಿಸಿದ ಗ್ರಂಥವೊಂದನ್ನು ಓದುವ ಸಂದರ್ಭವು ಈಚೆಗೆ ನನಗೊದಗಿತು. ಬ್ರಯನ್ ಆಲ್ಡಿಸ್ (1925–2017) ಎಂಬ ಆಂಗ್ಲ ಲೇಖಕರ ‘ಹಾಟ್‌ಹೌಸ್’ ಎಂಬ ಕಾದಂಬರಿಯೇ ಅದು. ಇದರ ಭಾಗಗಳು 1961ರಲ್ಲಿ ಅಮೆರಿಕದ ಮಾಸಪತ್ರಿಕೆಯೊಂದರಲ್ಲಿ ಐದು ಕಥೆಗಳಾಗಿ ಬೆಳಕು ಕಂಡು, 1962ರಲ್ಲಿ ಹ್ಯೂಗೋ ಪಾರಿತೋಷಕವನ್ನು ಪಡೆದು, ಅದೇ ವರ್ಷ ಗ್ರಂಥರೂಪವನ್ನೂ ತಾಳಿದವು.

ಕಥೆಯು ನಡೆಯುವುದು ಅತ್ಯಂತ ದೂರದ ಭವಿಷ್ಯತ್ಕಾಲದಲ್ಲಿ. ಸೂರ್ಯನು ತನ್ನ ಅವಸಾನವನ್ನು ಸಮೀಪಿಸಿದ್ದಾನೆ. ಭೂಮಿಯು ತಿರುಗುವುದನ್ನು ನಿಲ್ಲಿಸಿದೆ. ಹಗಲಿನ ಪಾರ್ಶ್ವದ ಭೂಖಂಡವನ್ನೆಲ್ಲ ಒಂದೇ ಒಂದು ಆಲದ ಮರವು ಆವರಿಸಿದೆ. ಯುದ್ಧಕಾಲದಲ್ಲಿ ಭಾರತ, ಬರ್ಮಾ ದೇಶಗಳಲ್ಲಿ ಸೈನಿಕರಾಗಿದ್ದ ಗ್ರಂಥಕರ್ತರಿಗೆ ನಮ್ಮ ವಟವೃಕ್ಷವು ಅಪರಿಚಿತವಾಗಿರಲಿಲ್ಲ. ಆ ಮರದ ಕೊಂಬೆಗಳಲ್ಲಿ ಕುಬ್ಜರೂ ಅಲ್ಪಮತಿಗಳೂ ಆದ ಮಾನವರು ಅಳಿದುಳಿದಿದ್ದಾರೆ. ಅವರಲ್ಲಿ ಗ್ರೆನ್ ಎಂಬ ಹುಡುಗನು ತನ್ನ ಗುಂಪಿನಿಂದ ಹೊರಬಿದ್ದು ಅಲೆಯುತ್ತಿರುವಾಗ ‘ಮೊರೆಲ್’ ಎಂಬ ಅಣಬೆಯು ಅವನ ತಲೆಗೆ ಅಂಟಿಕೊಂಡು, ಅವನ ಮನಸ್ಸಿನೊಳಗೇ ನುಡಿಯತೊಡಗುತ್ತದೆ. ಈ ಹೆಸರಿನ ನಿಜವಾದ ಅಣಬೆಯು ಕಾಶ್ಮೀರದಲ್ಲಿ ಗುಚ್ಛೀ ಎಂದು ಹೆಚ್ಚಿನ ಬೆಲೆಗೆ ಮಾರಲ್ಪಡುವುದು. ಅದರ ಮೈಯ ಗುಳಿಗಳನ್ನೂ ಮಡಿಕೆಗಳನ್ನೂ ಕಂಡವರಿಗೆ ಮನುಷ್ಯನ ಮಿದುಳು ನೆನಪಾಗದಿರದು. ಕಲ್ಪನೆಯ ಬೀಜವು ಇಲ್ಲಿಯೇ ಇದ್ದಂತೆ ತೋರುತ್ತದೆ.

ಹೆಗಲನ್ನೇರಿ ಮಾತನಾಡುವ ಬೇತಾಳವು ನಮ್ಮ ಮನೆಮನೆಯ ಮಕ್ಕಳಿಗೂ ಗೊತ್ತು. ಆದರೆ ಇವೆರಡಕ್ಕೂ ಇರುವ ಅಂತರವನ್ನು ವಾಚಕರು ಗಮನಿಸಬೇಕು. ಬೇತಾಳವು ಕಥೆಯನ್ನು ಹೇಳಿ ಪ್ರಶ್ನೆಯನ್ನು ಕೇಳುವುದು; ವಿವೇಚಿಸಿ ಉತ್ತರವನ್ನೀಯುವ ಭಾರವು ಅರಸನದು. ಹೆಗಲ ಮೇಲೆ ಹೆಣವಿದ್ದರೂ ಅವನ ಬುದ್ಧಿಯು ಅವನದಾಗಿಯೇ ಉಳಿಯುತ್ತದೆ. ಮೊರೆಲ್ ಆದರೋ ಪ್ರಶ್ನೆಯನ್ನೇ ಕೇಳುವುದಿಲ್ಲ. ಕೇಳುವ ಮೊದಲೇ ಉತ್ತರಗಳನ್ನು ಕೊಡುತ್ತದೆ. ಇತ್ತ ನಡೆ, ಅದನ್ನು ಹಿಡಿ, ಅವರನ್ನು ದುಡಿಸು—ಹೀಗೆ ಅದರ ಆದೇಶಗಳು ಸಾಗುತ್ತವೆ. ಮೊದಮೊದಲು ಅದರಿಂದ ಗ್ರೆನ್ನನಿಗೆ ಲಾಭವೇ. ಕ್ರಮೇಣ ಅವನ ಮುಖವು ಮಂಕಾಗಿ, ಸಂಗಾತಿ ಯಾಟ್ಮರಳೊಡನೆ ಆಡುವ ಮಾತಿನಲ್ಲಿಯೂ ಪ್ರೀತಿಯು ಬತ್ತುತ್ತದೆ. ಬೀಭತ್ಸವಾಗಬೇಕಿದ್ದ ಈ ಸನ್ನಿವೇಶವನ್ನು ಕರುಣಕ್ಕೆ ತಿರುಗಿಸಿರುವುದರಲ್ಲಿ ಗ್ರಂಥಕರ್ತರ ನಿಜವಾದ ಶಕ್ತಿಯಿದೆ.

ಕಾದಂಬರಿಯ ಹೃದಯವು ಮೊರೆಲ್ ಕಂಡುಹಿಡಿಯುವ ಒಂದು ರಹಸ್ಯದಲ್ಲಿ ಅಡಗಿದೆ. ಮಾನವಕುಲದ ಪೂರ್ವಸ್ಮೃತಿಯನ್ನು ಕೆದಕಿ ಅದು ಹೇಳುವುದೇನೆಂದರೆ: ಆದಿಕಾಲದಲ್ಲಿ ತನ್ನ ಪೂರ್ವಜರೇ ಮನುಷ್ಯನ ತಲೆಯೊಳಗೆ ನೆಲೆಸಿ ಅವನಿಗೆ ಬುದ್ಧಿಯಾದರು, ಸೂರ್ಯನ ತಾಪವು ಹೆಚ್ಚಿದಾಗ ಅವರು ನಾಶವಾಗಲು ಮನುಷ್ಯನು ಮರಳಿ ಕಾಡಿನ ಪ್ರಾಣಿಯಾದನು. ಇದು ಶಾಸ್ತ್ರವಲ್ಲ, ಕವಿಕಲ್ಪನೆ. ಆದರೂ ಓದುವವನ ಮನಸ್ಸು ಒಮ್ಮೆ ನಡುಗುತ್ತದೆ. ಬುದ್ಧಿಯನ್ನು ಸಾರಥಿಯೆಂದೂ ಆತ್ಮನನ್ನು ರಥದ ಒಡೆಯನೆಂದೂ ಕಠೋಪನಿಷತ್ತು ಹೇಳಿರುವುದು ಸರಿಯಷ್ಟೆ. ಒಡೆಯನನ್ನೇ ಕೆಳಕ್ಕೆ ತಳ್ಳಿ ರಥವನ್ನು ಓಡಿಸಿಕೊಂಡು ಹೋಗುವ ಸಾರಥಿಯೇ ಈ ಮೊರೆಲ್.

ಸಹವಾಸವೆಲ್ಲವೂ ಹೀಗೆಯೇ ಆಗಬೇಕೆ? ನಮ್ಮ ಮಸಾಲೆಯ ಡಬ್ಬಿಯಲ್ಲಿರುವ ಕಲ್ಲುಹೂವನ್ನು ನೋಡಿರಿ. ಅದು ಒಂದು ಸಸ್ಯವಲ್ಲ, ಶಿಲೀಂಧ್ರವೂ ಪಾಚಿಯೂ ಕೂಡಿ ಬಾಳುವ ಸಂಸಾರವೆಂದು 1860ರ ದಶಕದಲ್ಲಿ ಶ್ವೆಂಡೆನರ್ ಎಂಬ ಪಂಡಿತರು ಪ್ರತಿಪಾದಿಸಿದರು. ಪಾಚಿಯು ಬಿಸಿಲಿನಿಂದ ಆಹಾರವನ್ನು ಮಾಡುತ್ತದೆ, ಶಿಲೀಂಧ್ರವು ಆಶ್ರಯವನ್ನೀಯುತ್ತದೆ. ಹೀಗೆ ಬರಿಯ ಬಂಡೆಯ ಮೇಲೆಯೂ ಅವು ಬದುಕುತ್ತವೆ. ಆದಿಮಾನವನಿಗೂ ಅಣಬೆಗೂ ಇದ್ದುದು ಇಂತಹ ಬಾಳ್ವೆಯೆಂದು ಸೂಚಿಸುವ ಗ್ರಂಥಕರ್ತರು ಗ್ರೆನ್ನನ ಕಾಲಕ್ಕೆ ಅದು ಒಡೆತನವಾದುದೇಕೆಂಬುದನ್ನು ಸಾಕಷ್ಟು ವಿಚಾರಿಸಿಲ್ಲ. ಇದೊಂದು ಕೊರತೆ. ವಿಚಿತ್ರ ಜಂತುಗಳ ಹೆಸರುಗಳೂ ಹೋರಾಟಗಳೂ ಮಿತಿಮೀರಿರುವುದು ಎರಡನೆಯದು. ಬಾಲವುಳ್ಳ ಸ್ಥೂಲಕಾಯರ ಹಾಸ್ಯವು ಮೊದಲಿಗೆ ರುಚಿಸಿದರೂ ಕೊನೆಗೆ ಔಚಿತ್ಯವನ್ನು ಕೆಡಿಸುತ್ತದೆ.

ಈ ದೋಷಗಳಿದ್ದರೂ ಪುಸ್ತಕವನ್ನು ನಾನು ಮುಚ್ಚಿಡಲಾರದಾದೆನು. ಕಾರಣವು ನನ್ನದೇ. ಅಧ್ಯಾಪಕನಾಗಿದ್ದಾಗ ಅಮರಕೋಶವನ್ನು ಆದ್ಯಂತವಾಗಿ ಕಂಠಸ್ಥಮಾಡಿದ್ದ ವಿದ್ಯಾರ್ಥಿಯೊಬ್ಬನಿದ್ದನು. ಒಂದು ದಿನ ಶ್ಲೋಕವೊಂದನ್ನೋದಿಸಿ, “ಇದು ನಿನಗೆ ಹೇಗೆ ತೋರುತ್ತದಪ್ಪಾ?” ಎಂದು ಕೇಳಿದೆನು. ಅವನು ವಿನಯದಿಂದ ಕೈಕಟ್ಟಿ ನಿಂತು, “ಗುರುಗಳೇ, ತಾವು ಅದನ್ನು ಇನ್ನೂ ಹೇಳಿಕೊಟ್ಟಿಲ್ಲವಲ್ಲ” ಎಂದನು. ಅಂದು ನನಗೆ ಹಿಗ್ಗಾಯಿತು. ಇಂತಹ ಶಿಷ್ಯನು ಎಲ್ಲರಿಗೂ ದೊರೆಯುವನೇ ಎಂದು ಮನೆಯಲ್ಲಿಯೂ ಹೇಳಿಕೊಂಡೆನು. ಗ್ರೆನ್ನನ ಮಂಕಾದ ಮುಖದ ವರ್ಣನೆಯನ್ನು ಓದಿದಾಗ ಆ ಹುಡುಗನ ಮುಖವು ಕಣ್ಣೆದುರಿಗೆ ಬಂದಿತು. ಅವನ ತಲೆಯ ಮೇಲೆ ಕುಳಿತಿದ್ದವನು ಯಾರು? ನಾನು ಬೇತಾಳನಾಗಿದ್ದೆನೋ, ಮೊರೆಲ್ ಆಗಿದ್ದೆನೋ? ಉತ್ತರವು ನನಗೆ ಹಿತವಾಗಲಿಲ್ಲ.

ಅಣಬೆಯು ಹಸುಗೂಸಿನ ಮೇಲೂ ಹರಡಲು ಹವಣಿಸಿದಾಗ ಯಾಟ್ಮರ್ ಉಪಾಯದಿಂದ ಅದನ್ನು ಪಾತ್ರೆಯೊಂದರೊಳಕ್ಕೆ ಇಳಿಸಿ ಪತಿಯನ್ನು ಬಿಡಿಸುತ್ತಾಳೆ. ಪಾಂಡಿತ್ಯಕ್ಕೆ ಸಾಧ್ಯವಾಗದ ಕಾರ್ಯವು ತಾಯಿಯ ವಾತ್ಸಲ್ಯಕ್ಕೆ ಸಾಧ್ಯವಾಯಿತು. ಭೂಮಿಗೆ ಪ್ರಳಯವು ಸನ್ನಿಹಿತವಾಗಿದೆ, ನಕ್ಷತ್ರಗಳತ್ತ ಪಯಣಿಸೋಣವೆಂದು ಮೊರೆಲ್ ಕೊನೆಯಲ್ಲಿ ಕರೆಯುತ್ತದೆ. ಅದು ಹೇಳುವುದು ಸತ್ಯವೇ. ಗ್ರೆನ್ ಒಪ್ಪದೆ, ಹೆಂಡತಿಮಗುವಿನೊಡನೆ ಹಸುರು ಕಾಡಿಗೇ ಹಿಂದಿರುಗುತ್ತಾನೆ. ಇದನ್ನು ಅವಿವೇಕವೆಂದು ಕೆಲವರು ಹಳಿಯಬಹುದು. ಆದರೆ ಆ ನಿರ್ಣಯವು ಮಾತ್ರ ಯಾರೂ ಹೇಳಿಕೊಟ್ಟುದಲ್ಲ, ಅವನದೇ. ಮಕ್ಕಳಿಗೆ ಪಾಠ ಹೇಳುವ ಗೃಹಸ್ಥರು ಈ ಕೊನೆಯ ಪುಟಗಳನ್ನಾದರೂ ಓದಬೇಕೆಂದು ನನ್ನ ಬಿನ್ನಹ.