‘ಯಾತ್ರಾ’ದಲ್ಲಿ ಕಾಣದ ಡಾಕ್ಟರು

ಆಂಧ್ರದ ಮುಖ್ಯಮಂತ್ರಿಯಾಗಿದ್ದ ವೈ.ಎಸ್. ರಾಜಶೇಖರ ರೆಡ್ಡಿಯವರು ಎಂ.ಬಿ.ಬಿ.ಎಸ್. ಓದಿದ್ದು ನಮ್ಮ ಕಲಬುರಗಿಯ ಮಹಾದೇವಪ್ಪ ರಾಂಪುರೆ ವೈದ್ಯಕೀಯ ಕಾಲೇಜಿನಲ್ಲಿ. ಅದೇ ಬಿಸಿಲಿನಲ್ಲಿ ಬೆಳೆದು ಡಾಕ್ಟರಾದ ನನಗೆ ಇದೊಂದು ಸಣ್ಣ ಹೆಮ್ಮೆ. ಹಾಗಾಗಿ ಅವರನ್ನು ಕುರಿತ ತೆಲುಗು ಚಿತ್ರ ‘ಯಾತ್ರಾ’ವನ್ನು ಓಹಾಯೋದ ಮನೆಯಲ್ಲಿ ಕುಳಿತು ನೋಡುವಾಗ, ತೆರೆಯ ಮೇಲೆ ಆ ಡಾಕ್ಟರು ಯಾವಾಗ ಬರುತ್ತಾರೆಂದು ಕಾಯುತ್ತಿದ್ದೆ.

ಓದು ಮುಗಿಸಿದ ರೆಡ್ಡಿಯವರು ಜಮ್ಮಲಮಡುಗಿನ ಮಿಷನ್ ಆಸ್ಪತ್ರೆಯಲ್ಲಿ ಕೆಲಸ ಮಾಡಿದರು. 1973ರಲ್ಲಿ ಪುಲಿವೆಂದುಲದಲ್ಲಿ ತಂದೆಯ ಹೆಸರಿನ ಧರ್ಮಾರ್ಥ ಆಸ್ಪತ್ರೆ ತೆರೆದರು. 1978ರಲ್ಲಿ ಅದೇ ಊರಿನಿಂದ ವಿಧಾನಸಭೆಗೆ ಹೋದರು. ಚಿಕ್ಕ ಊರಿನ ಡಾಕ್ಟರಿಗೆ ಯಾರ ಮನೆಯಲ್ಲಿ ಸಾಲವಿದೆ, ಯಾರ ಹೊಲದ ಬಾವಿ ಬತ್ತಿದೆ ಎಂಬುದೆಲ್ಲ ಜ್ವರದ ಜೊತೆಗೇ ತಿಳಿಯುತ್ತದೆ. ಅಲ್ಲಿಂದ ರಾಜಕೀಯಕ್ಕೆ ಒಂದೇ ಹೊಸಿಲು. ಆ ಹೊಸಿಲು ದಾಟುವ ಕಥೆ ಎಷ್ಟು ಚೆನ್ನಾಗಿರುತ್ತಿತ್ತು!

ನಿರ್ದೇಶಕ ಮಹಿ ವಿ. ರಾಘವ್ ಆರಿಸಿಕೊಂಡದ್ದು ಬೇರೆಯದು: 2003ರ ಬೇಸಿಗೆಯಲ್ಲಿ ಚೇವೆಳ್ಳದಿಂದ ಇಚ್ಛಾಪುರದವರೆಗೆ ನಡೆದ ಸುಮಾರು 1,500 ಕಿಲೋಮೀಟರ್ ಪಾದಯಾತ್ರೆ. ಜೀವನವೆಲ್ಲವನ್ನೂ ತುರುಕದೆ ಒಂದು ನಡಿಗೆಯನ್ನಷ್ಟೇ ಹಿಡಿದದ್ದು ಜಾಣತನವೇ. ಮಮ್ಮೂಟ್ಟಿ ತಾವೇ ತೆಲುಗಿನಲ್ಲಿ ದನಿ ಕೊಟ್ಟಿದ್ದಾರೆ; ಎದುರಿಗಿದ್ದವರ ಮಾತು ಮುಗಿಯುವವರೆಗೂ ಸುಮ್ಮನಿರುವ ಅವರ ನಟನೆ ಚಿತ್ರದ ಜೀವಾಳ. ಡಾಕ್ಟರು ಎಲ್ಲಾದರೂ ಕಂಡಿದ್ದರೆ ಆ ಮೌನದಲ್ಲಿ ಕಂಡರು.

ನನ್ನ ತಕರಾರು ಅಲ್ಲಿಂದಲೇ ಶುರುವಾಗುತ್ತದೆ. ರೋಗಿಯ ಮಾತು ಕೇಳುವುದು ನಮ್ಮ ಕೆಲಸದ ಮೊದಲ ಹಂತ. ಆಮೇಲೆ ಪರೀಕ್ಷೆ, ರೋಗನಿರ್ಣಯ, ಚಿಕಿತ್ಸೆ. ಕೊನೆಗೆ, ತಿಂಗಳ ನಂತರ ಮತ್ತೆ ಕರೆದು ‘ಗುಣವಾಯಿತೇ?’ ಎಂದು ಕೇಳುವುದು. ಚಿತ್ರ ಮೊದಲ ಹಂತವನ್ನೇ ಇಡೀ ವೈದ್ಯವೆಂದು ನಂಬಿಸುತ್ತದೆ. ಬಡವರು ಅಳುತ್ತಾರೆ, ನಾಯಕನ ಕಣ್ಣು ತುಂಬುತ್ತದೆ, ಅಲ್ಲಿಗೆ ಯೋಜನೆಯೊಂದು ಹುಟ್ಟಿದಂತೆ. ಆಳಿದ ಐದು ವರ್ಷಗಳ ಲೆಕ್ಕವನ್ನು ಚಿತ್ರ ಕೇಳುವುದಿಲ್ಲ. 2019ರ ಫೆಬ್ರುವರಿಯಲ್ಲಿ ಬಿಡುಗಡೆಯಾದ ಚಿತ್ರಕ್ಕೆ, ಏಪ್ರಿಲ್‌ನಲ್ಲಿ ಚುನಾವಣೆ ಇದ್ದಾಗ, ಆ ಪ್ರಶ್ನೆ ಬೇಕಿರಲಿಲ್ಲವೇನೋ.

ಲೆಕ್ಕ ಕೇಳಿದ್ದರೆ ರೆಡ್ಡಿಯವರಿಗೆ ಅವಮಾನವೇನೂ ಆಗುತ್ತಿರಲಿಲ್ಲ. 2007ರಲ್ಲಿ ಮೂರು ಜಿಲ್ಲೆಗಳಲ್ಲಿ ಆರಂಭವಾದ ‘ಆರೋಗ್ಯಶ್ರೀ’ ಬಡವರಿಗೆ ಹೃದಯದ ಶಸ್ತ್ರಚಿಕಿತ್ಸೆಯಂಥ ದೊಡ್ಡ ಚಿಕಿತ್ಸೆಗಳನ್ನು ಎಟುಕಿಸಿತು. ಕರ್ನಾಟಕವೂ 2010ರಲ್ಲಿ ‘ವಾಜಪೇಯಿ ಆರೋಗ್ಯಶ್ರೀ’ಯನ್ನು ಆರಂಭಿಸಿತು, ಅದೂ ಕಲಬುರಗಿ ವಿಭಾಗದಿಂದಲೇ. ಆದರೆ ದೊಡ್ಡ ಆಸ್ಪತ್ರೆಗಳಿಗೆ ಸರ್ಕಾರದ ಹಣ ಹರಿದಷ್ಟು ಹಳ್ಳಿಯ ಪ್ರಾಥಮಿಕ ಆರೋಗ್ಯ ಕೇಂದ್ರಗಳತ್ತ ಗಮನ ಹರಿಯಲಿಲ್ಲ ಎಂಬ ಟೀಕೆಯೂ ಬಂತು. ಬಿ.ಪಿ. ಮಾತ್ರೆ ಹೊತ್ತಿಗೆ ಸಿಕ್ಕಿದ್ದರೆ ಎಷ್ಟೋ ಹೃದಯಗಳನ್ನು ಕೊಯ್ಯುವ ಪ್ರಮೇಯವೇ ಬರುವುದಿಲ್ಲ. ಚಿಕ್ಕ ಊರಿನ ಡಾಕ್ಟರಿಗೆ ಇದು ಗೊತ್ತಿರುವ ಸತ್ಯ. ಆ ಡಾಕ್ಟರನ್ನು ಕಥೆಯಲ್ಲಿ ಉಳಿಸಿಕೊಂಡಿದ್ದರೆ, ಮುಖ್ಯಮಂತ್ರಿಯನ್ನು ಪ್ರಶ್ನಿಸಲು ಅವರೇ ಸಾಕಿತ್ತು.

ಪಾದಯಾತ್ರೆ ನಡೆದ ವರ್ಷವೇ, 2003ರ ಜೂನ್‌ನಲ್ಲಿ, ಕರ್ನಾಟಕದಲ್ಲಿ ‘ಯಶಸ್ವಿನಿ’ ಜಾರಿಗೆ ಬಂತು. ಸಹಕಾರ ಸಂಘದ ರೈತ ತಿಂಗಳಿಗೆ ಐದು ರೂಪಾಯಿ ಕಟ್ಟುತ್ತಿದ್ದ. ಸರ್ಕಾರವೂ ತನ್ನ ಪಾಲು ಸೇರಿಸುತ್ತಿತ್ತು. ಅದರ ಬಗ್ಗೆ ಯಾರೂ ಸಿನಿಮಾ ಮಾಡುವುದಿಲ್ಲ. ಐದು ರೂಪಾಯಿ ಕಟ್ಟಿದವನು ಯಾರ ಕಾಲಿಗೂ ಬೀಳಬೇಕಿಲ್ಲವಲ್ಲ, ಅದಕ್ಕೇ ಇರಬೇಕು.

ಕಾಲಿಗೆ ಬೀಳುವ ಮಾತು ಬಂದದ್ದರಿಂದ ನನ್ನದನ್ನೂ ಹೇಳಿಬಿಡುತ್ತೇನೆ. ಹೌಸ್ ಸರ್ಜನ್ ಆಗಿದ್ದಾಗ ಮುದುಕನೊಬ್ಬ “ನೀವೇ ನಮ್ಮ ದೇವ್ರು ನೋಡ್ರಿ ಸಾಹೇಬ್ರ” ಎಂದು ನನ್ನ ಪಾದ ಮುಟ್ಟಿದ್ದ. ಬೇಡವೆಂದು ಕೈ ಹಿಡಿದೆತ್ತಿದೆ; ಒಳಗೊಳಗೇ ಹಿಗ್ಗಿದೆ. ಅವನಿಗೆ ಯಾವ ಗುಳಿಗೆ ಯಾಕೆಂದು ವಿವರಿಸಿದ ನೆನಪಿಲ್ಲ. ಇಲ್ಲಿ ನನ್ನ ರೋಗಿಗಳು ಕುರ್ಚಿಯಲ್ಲಿ ಕೂರುವ ಮೊದಲೇ “ಈ ಪರೀಕ್ಷೆ ಯಾಕೆ ಬೇಕು? ಎಷ್ಟಾಗುತ್ತದೆ?” ಎನ್ನುತ್ತಾರೆ. ಮೊದಮೊದಲು ಮುಖ ಗಂಟಿಕ್ಕುತ್ತಿದ್ದೆ. ಇಲ್ಲಿನ ಆಸ್ಪತ್ರೆಯ ಬಿಲ್ಲುಗಳನ್ನು ನೋಡಿದ ಮೇಲೆ ಆ ಪ್ರಶ್ನೆಯ ಹಿಂದಿನ ಭಯವೂ ಅರ್ಥವಾಯಿತು, ಹಕ್ಕೂ ಅರ್ಥವಾಯಿತು.

‘ಯಾತ್ರಾ’ ನೋಡುತ್ತ ನನಗೂ ಎರಡು ಕಡೆ ಗಂಟಲು ಕಟ್ಟಿತು, ಸುಳ್ಳು ಹೇಳಲಾರೆ. ಆದರೆ ಚಿತ್ರ ನನ್ನಲ್ಲಿ ಎಬ್ಬಿಸಿದ್ದು ಆ ಹಳೆಯ ಹಿಗ್ಗನ್ನೇ, ಕಾಲು ಮುಟ್ಟಿಸಿಕೊಂಡವನ ಹಿಗ್ಗನ್ನು. ಆ ಮುದುಕ ಎದ್ದು ನಿಂತು “ಇದು ಯಾವ ಗುಳಿಗಿ ಸಾಹೇಬ್ರ?” ಎಂದು ಕೇಳುವ ಒಂದು ದೃಶ್ಯ ಇದ್ದಿದ್ದರೆ, ಕಲಬುರಗಿಯಲ್ಲಿ ಓದಿದ ಆ ಡಾಕ್ಟರು ಉತ್ತರ ಕೊಡುವುದನ್ನು ನಾವು ನೋಡಬಹುದಿತ್ತು.