ಕರೆಂಟ್ ಬಂದ ಮೇಲಿನ ಎರಡು ನಿಮಿಷ

ಭಾಲ್ಕಿಯ ಕಬ್ಬಿನ ಹೊಲವಿರಲಿ, ಔರಾದಿನ ಬೋರ್‌ವೆಲ್ ಇರಲಿ, ಎಲೆಕ್ಟ್ರಾನಿಕ್ಸ್ ಹುಚ್ಚಿನವರ ಬಳಿ ರೈತರು ಕೇಳುವ ಸರ್ಕ್ಯೂಟ್ ಒಂದಿದೆ. ಹೋದ ಕರೆಂಟ್ ಬಂದ ಕೂಡಲೇ ಮೋಟಾರ್ ಏಳಬಾರದು, ಎರಡು ನಿಮಿಷ ತಡೆಯಬೇಕು. ಒಂದೇ ಟಿಸಿಯ (ಟ್ರಾನ್ಸ್‌ಫಾರ್ಮರಿನ) ಪಂಪುಗಳೆಲ್ಲ ಒಟ್ಟಿಗೆ ಎದ್ದರೆ ಪ್ರತಿಯೊಂದೂ ಐದಾರು ಪಟ್ಟು ಕರೆಂಟ್ ಎಳೆಯುತ್ತದೆ, ವೋಲ್ಟೇಜ್ ನೆಲ ಕಚ್ಚುತ್ತದೆ.

ಹವ್ಯಾಸಿಯ ಕೈ ಮೊದಲು ಹೋಗುವುದು 555 ಟೈಮರಿನ ಮೇಲೆ. ಹ್ಯಾನ್ಸ್ ಕ್ಯಾಮೆಂಜಿಂಡ್ 1971ರಲ್ಲಿ ಸಿಗ್ನೆಟಿಕ್ಸ್‌ಗಾಗಿ ರೂಪಿಸಿದ ಈ ಐಸಿ ಹೈದರಾಬಾದಿನ ಕೋಠಿಯ ಗುಜರಾತಿ ಗಲ್ಲಿಯಲ್ಲಿ ಈಗಲೂ ಸಲೀಸು. (ಬೀದರಿನ ಹವ್ಯಾಸಿಗೆ ಬೆಂಗಳೂರಿನ ಎಸ್‌ಪಿ ರೋಡ್ ದೂರ, ಕೋಠಿಯೇ ಹತ್ತಿರ.) 1 ಮೆಗಾಓಮ್, 100 ಮೈಕ್ರೋಫ್ಯಾರಡ್, 1.1ರಿಂದ ಗುಣಿಸಿ: 110 ಸೆಕೆಂಡ್. ಸರ್ಕ್ಯೂಟ್ ಕಲಿಸುವ ವಿಡಿಯೋಗಳು ಇಲ್ಲಿಗೆ ಮುಗಿಯುತ್ತವೆ. ಕಟ್ಟಿದ ಮೇಲೆ ಕೆಲವೊಮ್ಮೆ ಐದು ನಿಮಿಷವಾದರೂ ಮೋಟಾರ್ ಎಬ್ಬಿಸಬೇಕಾದ ರಿಲೇ ಟಕ್ಕೆನ್ನುವುದಿಲ್ಲ.

ಕಾರಣ ಕೆಪಾಸಿಟರಿನ ಸೋರಿಕೆ. 12 ವೋಲ್ಟಿನಲ್ಲಿ 555 ತಿರುಗುವುದು 8ಕ್ಕೆ. ಆ ಹೊತ್ತಿಗೆ ಮೆಗಾಓಮ್ ಮೂಲಕ ಒಳಬರುವುದು ಬರೀ 4 ಮೈಕ್ರೋಆಂಪ್. ಅಗ್ಗದ ಎಲೆಕ್ಟ್ರೋಲಿಟಿಕ್ ಅಷ್ಟನ್ನೂ ಸೋರಿಬಿಟ್ಟರೆ 8 ವೋಲ್ಟ್ ಮುಟ್ಟುವುದೇ ಇಲ್ಲ. ರೆಸಿಸ್ಟರ್ ಇಳಿಸಿ ಕೆಪಾಸಿಟರ್ ದೊಡ್ಡದು ಮಾಡುವ ಜಾಣತನವೂ ದಂಡ, ಗಾತ್ರದೊಂದಿಗೆ ಸೋರಿಕೆಯೂ ಬೆಳೆಯುತ್ತದೆ.

ನಾನು ಕಪಾಟಿನಲ್ಲಿ ಉಳಿಸಿಕೊಳ್ಳುವುದು ಇಂಥ ಸಂಗತಿಗೆ ದಾರಿ ತೋರುವ ಪುಸ್ತಕಗಳನ್ನು ಮಾತ್ರ. ವಾಲ್ಟರ್ ಜಂಗ್ ಅವರ 1977ರ 'ಐಸಿ ಟೈಮರ್ ಕುಕ್‌ಬುಕ್' ಅಂಥದ್ದು. 1980ರಲ್ಲಿ ಬಂದ ಹೊರೊವಿಟ್ಜ್ ಮತ್ತು ಹಿಲ್ ಅವರ 'ದಿ ಆರ್ಟ್ ಆಫ್ ಎಲೆಕ್ಟ್ರಾನಿಕ್ಸ್' ಕೆಟ್ಟ ಸರ್ಕ್ಯೂಟುಗಳನ್ನೂ ಬೇಕೆಂದೇ ಅಚ್ಚು ಹಾಕಿ, ತಪ್ಪು ನೀವೇ ಹುಡುಕಿ ಎನ್ನುತ್ತದೆ. ಆ ಪುಟಗಳಿಗೆ ಸಮ ಇನ್ನೊಂದಿಲ್ಲ. ಫಾರೆಸ್ಟ್ ಮಿಮ್ಸ್ ಕೈಬರಹದಲ್ಲೇ ಮಾಡಿದ ಪುಸ್ತಕಗಳು ಹೊಸಬರಿಗೆ. 'ನೂರಾರು ಸರ್ಕ್ಯೂಟುಗಳು' ಎಂದು ಮುಖಪುಟದಲ್ಲೇ ಎಣಿಕೆ ಒಪ್ಪಿಸುವವನ್ನು ನಾನು ರದ್ದಿಗೆ ಹಾಕುತ್ತೇನೆ.

ಅಂದ ಹಾಗೆ, ಪಂಪಿಗೆ 555ರ ಬದಲು 4060 ಎಂಬ ಎಣಿಕೆಯ ಐಸಿ ಹಾಕಿ. 68 ಕಿಲೋಓಮ್, 0.1 ಮೈಕ್ರೋಫ್ಯಾರಡ್ ಪಾಲಿಯೆಸ್ಟರ್ ಕೆಪಾಸಿಟರ್. 8192 ಬಡಿತ ಎಣಿಸುವಷ್ಟರಲ್ಲಿ ಎರಡು ನಿಮಿಷ ಚೂರು ದಾಟಿರುತ್ತದೆ, ಸೋರಿಕೆಯ ಕಾಟವಿಲ್ಲ. ಪಿನ್ 3ರಿಂದ 11ಕ್ಕೆ ಒಂದು 4148 ಡಯೋಡ್ ಕೊಟ್ಟರೆ ಎಣಿಕೆ ಅಲ್ಲೇ ನಿಲ್ಲುತ್ತದೆ. ರಿಲೇ ಕಾಯಿಲಿಗೆ ಅಡ್ಡ 4007 ಡಯೋಡ್ ಇರಲಿ.