ಬೆಟ್ಟದ ಜೀವ: ಶಂಭುವಿಗಾಗಿ ಕಾಯುತ್ತಾ ನಾರಾಯಣನನ್ನು ಮರೆತೆವೇ?



ಕಳೆದ ತಿಂಗಳ ನಮ್ಮ ಓದುಕೂಟಕ್ಕೆ ಡಾ. ಶಿವರಾಮ ಕಾರಂತರ 'ಬೆಟ್ಟದ ಜೀವ' ಕಾದಂಬರಿಯನ್ನು ಆರಿಸಿದ್ದೆವು. ಅಬುಧಾಬಿಯಿಂದ ಬಂದ ಎರಡು ಕುಟುಂಬಗಳೂ ಸೇರಿ ಹದಿನಾಲ್ಕು ಮಂದಿ ಇದ್ದರು. ಅವಲಕ್ಕಿ, ಚಹಾ ಮುಗಿಯುವ ಹೊತ್ತಿಗೆ ಮಾತೆಲ್ಲ ಮನೆ ಬಿಟ್ಟು ಹೋದ ಮಗ ಶಂಭುವಿನ ಕಡೆಗೇ ಹರಿಯಿತು. ಅರ್ಧ ಮಂದಿ ಅವನನ್ನು ಬೈದರು, ಉಳಿದರ್ಧ ಮಂದಿ ಸುಮ್ಮನಿದ್ದರು. ಸುಮ್ಮನಿದ್ದವರಲ್ಲಿ ನಾವೂ ಒಬ್ಬರು. ಅಂದು ಹೇಳಲಾಗದ್ದನ್ನು ಸಂಪಾದಕರು ಕೊಟ್ಟ ಈ ಜಾಗದಲ್ಲಿ ಹೇಳಲು ಯತ್ನಿಸುತ್ತೇವೆ. ವೈದ್ಯರ ವಿಮರ್ಶೆಯೂ ಅವರ ಔಷಧಿ ಚೀಟಿಯಂತೆಯೇ ಯಾರಿಗೂ ಅರ್ಥವಾಗದು ಎಂದು ನಗುವವರು ನಗಲಿ, ಆದರೆ ಕೊನೆಯವರೆಗೂ ಓದಲಿ ಎಂದು ವಿನಂತಿ.

ಕಾದಂಬರಿ ಪ್ರಕಟವಾದದ್ದು 1943ರಲ್ಲಿ. ಸುಬ್ರಹ್ಮಣ್ಯದ ಕಡೆಯ ಕಾಡಿನಲ್ಲಿ ದಾರಿ ತಪ್ಪಿದ ಒಬ್ಬ ಪ್ರಯಾಣಿಕರನ್ನು ದೇರಣ್ಣ ಮತ್ತು ಬಟ್ಯ ಎಂಬಿಬ್ಬರು ಕೆಳಬೈಲಿನ ಗೋಪಾಲಯ್ಯನವರ ಮನೆಗೆ ಕರೆತರುತ್ತಾರೆ. ಮನೆಯಲ್ಲಿರುವವರು ಗೋಪಾಲಯ್ಯ ಮತ್ತು ಅವರ ಪತ್ನಿ ಶಂಕರಮ್ಮ, ಇಬ್ಬರೇ. ಅತಿಥಿ ಬಂದರೆಂದು ಅವರಿಗಾಗುವ ಸಂತೋಷ, ಆ ಬಿಸಿನೀರಿನ ಸ್ನಾನ, ಮುಗಿಯದ ಉಪಚಾರ, ಹುಲಿಯ ಬೇಟೆ ಇವೆಲ್ಲ ಓದಿದವರಿಗೆ ಮರೆಯುವಂಥವಲ್ಲ. ಬೆಟ್ಟದ ಮಡಿಲಲ್ಲಿ ಕಾಡು ಕಡಿದು, ನೀರು ತಿರುಗಿಸಿ ಅಡಿಕೆ ತೋಟ ಎಬ್ಬಿಸಿದ ಗೋಪಾಲಯ್ಯನ ಛಲವನ್ನು ವಿಮರ್ಶಕರು ಹಾಡಿ ಹೊಗಳಿದ್ದಾರೆ. ಅದರಲ್ಲಿ ತಪ್ಪೇನೂ ಇಲ್ಲ. 2011ರಲ್ಲಿ ಪಿ. ಶೇಷಾದ್ರಿಯವರ ನಿರ್ದೇಶನದಲ್ಲಿ ತೆರೆಗೆ ಬಂದ ಚಿತ್ರದಲ್ಲಿ ದತ್ತಣ್ಣ ಮತ್ತು ರಾಮೇಶ್ವರಿ ವರ್ಮಾ ಆ ದಂಪತಿಗಳಿಗೆ ಮುಖ ಕೊಟ್ಟಿದ್ದಾರೆ. ಪರಿಸರ ಸಂರಕ್ಷಣೆಯ ವಿಭಾಗದಲ್ಲಿ ಅದಕ್ಕೆ ರಾಷ್ಟ್ರಪ್ರಶಸ್ತಿಯೂ ಬಂತು.

ಆದರೆ ನಮ್ಮ ಅಭಿಪ್ರಾಯದಲ್ಲಿ ಈ ಕಾದಂಬರಿಯ ನಿಜವಾದ ಪ್ರಶ್ನೆ 'ಶಂಭು ಬರುತ್ತಾನೆಯೇ?' ಎಂಬುದಲ್ಲ, 'ನಾರಾಯಣ ಉಳಿಯುತ್ತಾನೆಯೇ?' ಎಂಬುದು. ನಾರಾಯಣ ಗೋಪಾಲಯ್ಯನ ಆಸರೆಯಲ್ಲಿ ಕಾಟುಮೂಲೆಯಲ್ಲಿ ತೋಟ ನೋಡಿಕೊಂಡಿರುವವನು. ಹೆಂಡತಿ ಲಕ್ಷ್ಮಿ ಮತ್ತು ಮಕ್ಕಳು ಜೊತೆಗಿದ್ದಾರೆ. ಮುದುಕರಿಗೆ ಅವನು ಮಗನಿಗಿಂತ ಕಡಿಮೆಯಲ್ಲ. ಆದರೆ ಮಣ್ಣು ಅವನದಲ್ಲ. ನಾಳೆ ಹೆತ್ತ ಮಗ ಹಿಂದಿರುಗಿದರೆ ತನ್ನ ಪಾಡೇನು ಎಂಬ ಅಳುಕು ಅವನಿಗಿದೆ. ಅವನೂ ಎದ್ದು ಹೋದಾನೆಂಬ ಭಯ ಗೋಪಾಲಯ್ಯನಿಗಿದೆ. ಇವರಿಬ್ಬರ ಅಳುಕಿನ ನಡುವೆ ಆ ಕಣಿವೆಯ ಬದುಕು ನಿಂತಿದೆ. ಹೋದವನ ಬಗ್ಗೆ ಕಣ್ಣೀರು ಹಾಕಬಹುದು, ಆದರೆ ತೋಟಕ್ಕೆ ನೀರು ಬಿಡುವವನು, ರಾತ್ರಿ ಜ್ವರ ಬಂದರೆ ಓಡಿ ಬರುವವನು ನಾರಾಯಣನೇ. ಗೋಪಾಲಯ್ಯ ಈ ಅಳುಕಿಗೆ ಏನು ಉತ್ತರ ಕೊಡುತ್ತಾರೆಂಬುದನ್ನು ನೀವೇ ಓದಿ ತಿಳಿಯಿರಿ.

ಇಂದಿನ ಮಲೆನಾಡಿನಲ್ಲೂ ಇದೇ ಪ್ರಶ್ನೆ ಇದೆ. ಜನಗಣತಿಯ ಪ್ರಕಾರ ಚಿಕ್ಕಮಗಳೂರು ಜಿಲ್ಲೆಯಲ್ಲಿ 2001ರಲ್ಲಿ 11 ಲಕ್ಷ 40 ಸಾವಿರ ಜನರಿದ್ದರು, 2011ರಲ್ಲಿ 11 ಲಕ್ಷ 37 ಸಾವಿರ. ರಾಜ್ಯದ ಜನಸಂಖ್ಯೆ ಏರುತ್ತಿದ್ದಾಗ ಈ ಜಿಲ್ಲೆ ಇಳಿಯಿತು. ಕೊಡಗು ಶೇಕಡಾ ಒಂದರಷ್ಟು ಮಾತ್ರ ಬೆಳೆಯಿತು. 2019-21ರ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯಂತೆ ಕರ್ನಾಟಕದಲ್ಲಿ ಒಬ್ಬ ಮಹಿಳೆಗೆ ಸರಾಸರಿ 1.7 ಮಕ್ಕಳು. ಜನಸಂಖ್ಯೆ ಇದ್ದಷ್ಟೇ ಉಳಿಯಬೇಕಾದರೆ ಸುಮಾರು 2.1 ಬೇಕು. ಹುಟ್ಟುವ ಒಬ್ಬಿಬ್ಬರೂ ಓದಿ ಊರು ಬಿಟ್ಟರೆ ಉಳಿಯುವವರು ಯಾರು? 2023ರ ಫೆಬ್ರವರಿಯಲ್ಲಿ ಮಂಡ್ಯದ ಕಡೆಯ ಅವಿವಾಹಿತ ರೈತ ಯುವಕರು ತಮಗೆ ಹೆಣ್ಣು ಸಿಗಲೆಂದು ಮಲೆ ಮಹದೇಶ್ವರ ಬೆಟ್ಟಕ್ಕೆ ಪಾದಯಾತ್ರೆ ಹೋದದ್ದನ್ನು ಪತ್ರಿಕೆಗಳಲ್ಲಿ ಓದಿ ನಾವು ನಕ್ಕಿದ್ದೆವು. ನಗುವ ವಿಷಯವಲ್ಲ ಅದು.

ನಮ್ಮಲ್ಲಿ ಅನೇಕರು ಮಕ್ಕಳೊಂದಿಗೆ ರಾಸ್ ಅಲ್ ಖೈಮಾದ ಅಲ್ ಜಜೀರಾ ಅಲ್ ಹಮ್ರಾ ಎಂಬ ಹಳೆಯ ಮುತ್ತಿನ ಬೇಟೆಗಾರರ ಊರನ್ನು ನೋಡಿ ಬಂದಿದ್ದೀರಿ. 1968ರಲ್ಲಿ ಅಲ್ಲಿಯ ಜನ ಒಟ್ಟಾಗಿ ಅಬುಧಾಬಿಗೆ ಹೋಗಿಬಿಟ್ಟರು. ಹವಳದ ಕಲ್ಲಿನ ಗೋಡೆಗಳು ಮಾತ್ರ ಉಳಿದವು. ನಮ್ಮ ಬೆಟ್ಟದ ಊರುಗಳು ಹಾಗೆ ಒಮ್ಮೆಲೇ ಖಾಲಿಯಾಗುವುದಿಲ್ಲ. ಒಂದು ವರ್ಷ ಒಂದು ಮನೆಯ ದೀಪ, ಮತ್ತೊಂದು ವರ್ಷ ಶಾಲೆಯ ಬಾಗಿಲು, ಹೀಗೆ ಯಾರಿಗೂ ತಿಳಿಯದಂತೆ ನಡೆಯುತ್ತದೆ.

ಹಾಗಾದರೆ ಆ ಕಣಿವೆಗಳು ಇನ್ನೂ ಹೇಗೆ ಉಳಿದಿವೆ? ಬಂದು ನೆಲೆಸಿದವರಿಂದ. ಗೋಪಾಲಯ್ಯನ ಅದೇ ಸೀಮೆಗೆ ಕೇರಳದಿಂದ ಕ್ರೈಸ್ತ ಕೃಷಿಕರು ಬಂದು ರಬ್ಬರ್ ಹಾಕಿದರು. 1964ರ ಶಾಸ್ತ್ರಿ-ಸಿರಿಮಾವೊ ಒಪ್ಪಂದದ ಫಲವಾಗಿ ಶ್ರೀಲಂಕಾದ ಟೀ ತೋಟಗಳಿಂದ ಹಿಂದಿರುಗಿದ ತಮಿಳರಲ್ಲಿ ಹಲವರು ಸುಳ್ಯ, ಪುತ್ತೂರುಗಳ ಸರ್ಕಾರಿ ರಬ್ಬರ್ ತೋಟಗಳಲ್ಲಿ ನೆಲೆಯಾದರು. ಈಗ ಕಾಫಿ ತೋಟಗಳಲ್ಲಿ ಅಸ್ಸಾಂ, ಝಾರ್ಖಂಡ್ ಕಡೆಯ ಕೈಗಳು ದುಡಿಯುತ್ತಿವೆ. ಇವರನ್ನು ನಾವು 'ಹೊರಗಿನವರು' ಎನ್ನುತ್ತೇವೆ. ನಾರಾಯಣನೂ ಒಂದು ಕಾಲಕ್ಕೆ ಹೊರಗಿನಿಂದ ಬಂದವನೇ.

ಇಲ್ಲಿ ಕಾದಂಬರಿಯ ಕೊರತೆಯನ್ನೂ ಹೇಳಬೇಕು. ಕಥೆ ಹೇಳುವವರು ಕೆಲವು ದಿನದ ಅತಿಥಿ, ಆದ್ದರಿಂದ ಅವರು ಕಂಡದ್ದು ಅತಿಥಿಯ ಲೋಕ. ದೇರಣ್ಣ, ಬಟ್ಯ ದಾರಿ ತೋರಿಸುತ್ತಾರೆ, ಆದರೆ ಅವರ ಮನೆಯೊಳಗಿನ ಬದುಕು ನಮಗೆ ಅಷ್ಟಾಗಿ ತಿಳಿಯುವುದಿಲ್ಲ. ಆ ಕಾಡಿನಲ್ಲಿ ಮಕ್ಕಳನ್ನು ಬೆಳೆಸುವ ಲಕ್ಷ್ಮಿಗೆ ಅಲ್ಲಿ ಉಳಿಯಲು ಇಷ್ಟವಿದೆಯೇ ಎಂದು ಯಾರೂ ಆಳವಾಗಿ ಕೇಳುವುದಿಲ್ಲ. ಇಂದು ಊರಿನ ಭವಿಷ್ಯ ನಿಂತಿರುವುದೇ ಲಕ್ಷ್ಮಿಯ ಉತ್ತರದ ಮೇಲೆ. ಹತ್ತು ವರ್ಷ ಮೊದಲು, 1933ರ 'ಚೋಮನ ದುಡಿ'ಯಲ್ಲಿ, ಬೇಸಾಯಕ್ಕೆ ತುಂಡು ಭೂಮಿ ಬೇಡಿ ಸಿಗದವನ ಸಂಕಟವನ್ನು ಕಾರಂತರೇ ಬರೆದಿದ್ದರು. ಎರಡೂ ಪುಸ್ತಕಗಳನ್ನು ಜೊತೆಗಿಟ್ಟು ಓದಿದರೆ ಗೋಪಾಲಯ್ಯನ ಔದಾರ್ಯದ ಬೆಲೆಯೂ ಮಿತಿಯೂ ತಿಳಿಯುತ್ತದೆ. ಒಬ್ಬ ಒಳ್ಳೆಯ ಒಡೆಯನ ಮನಸ್ಸನ್ನು ನಂಬಿ ಎಷ್ಟು ಮಂದಿ ಬದುಕಲು ಸಾಧ್ಯ?

1974ರ ಭೂಸುಧಾರಣೆ ಈ ಪ್ರಶ್ನೆಯನ್ನು ಮನಸ್ಸಿಗೆ ಬಿಡದೆ ಕಾನೂನಿನಿಂದ ಬಿಡಿಸಲು ಹೊರಟಿತು. ಎಷ್ಟೋ ಗೇಣಿದಾರರು ಒಡೆಯರಾದರು. ಜೊತೆಗೆ ಹೊಸದಾಗಿ ಗೇಣಿಗೆ ಕೊಡುವುದು ಬಹುಮಟ್ಟಿಗೆ ನಿಷಿದ್ಧವಾಯಿತು. ಈಗ ಪರವೂರಿನಲ್ಲಿರುವ ಒಡೆಯರು ಕಾಗದಕ್ಕೆ ಹೆದರಿ ಬಾಯಿಮಾತಿನಲ್ಲೇ ತೋಟ ನಡೆಸುತ್ತಾರೆ.

ಬೇರೆಯವರ ಮಾತೇಕೆ, ನಮ್ಮದನ್ನೇ ಹೇಳುತ್ತೇವೆ. ನಮ್ಮ ಕ್ಲಿನಿಕ್ಕಿಗೆ ಬರುವ ಕನ್ನಡಿಗರು ತಮ್ಮ ರಕ್ತದೊತ್ತಡಕ್ಕಿಂತ ಮೊದಲು ಫೋನು ತೆರೆದು ಊರಿನ ಅಪ್ಪನ ಇಸಿಜಿ ತೋರಿಸುತ್ತಾರೆ. 'ರಾತ್ರಿ ಮನೆಯಲ್ಲಿ ಅವರ ಜೊತೆ ಯಾರಿದ್ದಾರೆ?' ಎಂದು ಕೇಳುವುದು ನಮ್ಮ ಅಭ್ಯಾಸ. ಉತ್ತರದಲ್ಲಿ ಬರುವ ಹೆಸರು ಹೆಚ್ಚಾಗಿ ಮಕ್ಕಳದ್ದಲ್ಲ, ತೋಟದ ಆಳಿನದ್ದು ಅಥವಾ ಅಡುಗೆಗೆ ಬರುವ ಹೆಂಗಸಿನದ್ದು. ನಮ್ಮ ತಾಯಿಯ ಜೊತೆಗೂ ಹದಿನೈದು ವರ್ಷ ಹಾಗೆ ಒಬ್ಬರಿದ್ದರು. ಕೊನೆಯ ರಾತ್ರಿ ಆಸ್ಪತ್ರೆಗೆ ಎತ್ತಿಕೊಂಡು ಹೋದವರೂ ಅವರೇ. ಅವರು ಈಗಲೂ ನಮ್ಮ ತೋಟದ ಅಂಚಿನ ಮನೆಯಲ್ಲಿದ್ದಾರೆ. ಆ ಮನೆಯನ್ನೂ ಅದರ ಸುತ್ತಲಿನ ಹತ್ತು ಸೆಂಟ್ಸ್ ಜಾಗವನ್ನೂ ಅವರ ಹೆಸರಿಗೆ ಮಾಡಿಕೊಡುತ್ತೇವೆಂದು ಹೇಳಿ ಆರು ವರ್ಷವಾಯಿತು, ಇನ್ನೂ ಮಾಡಿಲ್ಲ. ಪ್ರತಿ ರಜೆಯಲ್ಲೂ ಒಂದು ಕಾರಣ ಸಿಗುತ್ತದೆ.

ಇಲ್ಲಿ ದುಬೈ, ಅಬುಧಾಬಿಗಳಲ್ಲಿ ನಾವೇ ನಾರಾಯಣರು. ಇಪ್ಪತ್ತು ಮೂವತ್ತು ವರ್ಷ ದುಡಿದ ನೆಲ, ಮಕ್ಕಳು ಹುಟ್ಟಿ ಬೆಳೆದ ಊರು, ಆದರೂ ಕೆಲಸ ಹೋದರೆ ವೀಸಾ ಹೋಗುತ್ತದೆಂಬ ಅಳುಕು ತಪ್ಪಿದ್ದಲ್ಲ. 2019ರಿಂದ ಗೋಲ್ಡನ್ ವೀಸಾ ಬಂದು ಕೆಲವರ ನಿದ್ದೆ ಸುಧಾರಿಸಿದೆ. ಒಂದು ಕಾಗದ ಮನುಷ್ಯನ ಮನಸ್ಸಿಗೆ ಎಷ್ಟು ನೆಮ್ಮದಿ ಕೊಡುತ್ತದೆಂದು ನಮಗಿಂತ ಚೆನ್ನಾಗಿ ಬಲ್ಲವರು ಯಾರು? ಅದೇ ನಾವು ಊರಿಗೆ ಹೋದೊಡನೆ ಶಂಭುವಾಗುತ್ತೇವೆ. ಬಾರದಿದ್ದರೂ ಹಕ್ಕು ಬಿಡದವರಾಗುತ್ತೇವೆ.

ಆದುದರಿಂದ ಸದಸ್ಯರಲ್ಲಿ ನಮ್ಮ ಕೋರಿಕೆ ಇಷ್ಟೇ. ಪುಸ್ತಕವನ್ನು ಇನ್ನೊಮ್ಮೆ ಓದಿ, ಈ ಸಲ ನಾರಾಯಣ ಬರುವ ಪುಟಗಳಲ್ಲಿ ನಿಧಾನಿಸಿ. ಮಕ್ಕಳಿಗೆ ಕನ್ನಡ ಓದಲು ಬಾರದಿದ್ದರೆ ಜೊತೆಗೆ ಕೂತು ಓದಿ ಹೇಳಿ. ಮುಂದಿನ ರಜೆಯಲ್ಲಿ ಊರಿಗೆ ಹೋದಾಗ ನಿಮ್ಮ ಮನೆಯ ನಾರಾಯಣ ಯಾರೆಂದು ನೋಡಿ, ಅವನ ಹೆಂಡತಿಯನ್ನೂ ಮಾತನಾಡಿಸಿ. ನಾವು ಜುಲೈಯಲ್ಲಿ ಹೋಗುತ್ತೇವೆ. ಕಾಗದದ ಕೆಲಸ ಆಯಿತೇ ಇಲ್ಲವೇ ಎಂದು ಮರಳಿ ಬಂದ ಮೇಲೆ ನೀವು ಧಾರಾಳವಾಗಿ ಕೇಳಬಹುದು.